ಹಳೇ ಫಿಲ್ಮಿನ ಸೌಂಡ್ ಉಳಿಸೋದು ಹೇಗೆ? ಪ್ಲಗಿನ್ ಕೊನೆಗಿರಲಿ

ಹಳೇ ಫಿಲ್ಮಿನ ಸೌಂಡ್ ರಿಪೇರಿಗೆ ಕೂತವರು ಮೊದಲು ಓಪನ್ ಮಾಡೋದೇ ನಾಯ್ಸ್ ರಿಡಕ್ಷನ್ ಪ್ಲಗಿನ್, ಅಂದ್ರೆ ಬೇಡದ ಸದ್ದು ತೆಗೆಯೋ ಸಾಫ್ಟ್‌ವೇರ್. ದಯವಿಟ್ಟು ಬೇಡ. ಮುಕ್ಕಾಲು ಕೆಲಸ ಫಿಲ್ಮಿಂದ ಸೌಂಡ್ ಎತ್ತೋವಾಗ್ಲೇ ಮುಗೀಬೇಕು.

ಮೊದಲು ಡಬ್ಬಿ ತೆಗೆದು ಮೂಸಿ ನೋಡಿ. ವಿನಿಗರ್ ವಾಸನೆ ಬಂದ್ರೆ ಫಿಲ್ಮಿನ ಅಸಿಟೇಟ್ ಪ್ಲಾಸ್ಟಿಕ್ ಹಾಳಾಗ್ತಿದೆ ಅಂತ, ಆ ರೀಲನ್ನ ಬೇರೆಯವುಗಳಿಂದ ದೂರ ಇಟ್ಟು ಮೊದಲು ಅದನ್ನೇ ಟ್ರಾನ್ಸ್‌ಫರ್ ಮಾಡಿ. 1950ರ ದಶಕಕ್ಕಿಂತ ಹಿಂದಿನ 35 ಎಂಎಂ ಆದ್ರೆ ಸುಲಭವಾಗಿ ಹೊತ್ತಿಕೊಳ್ಳೋ ನೈಟ್ರೇಟ್ ಫಿಲ್ಮ್ ಇರಬಹುದು, ಅದಕ್ಕೆ ಬೆಂಕಿ ಹತ್ತಿದ್ರೆ ನೀರಿಗೂ ಆರಲ್ಲ, ತರಬೇತಿ ಇಲ್ಲದವರು ಮುಟ್ಲೇಬೇಡಿ.

ಆಮೇಲೆ ಕ್ಲೀನ್ ಮಾಡಿ, ಬಿಟ್ಟುಕೊಂಡಿರೋ ಸ್ಪ್ಲೈಸ್ (ಫಿಲ್ಮ್ ತುಂಡುಗಳನ್ನ ಜೋಡಿಸಿದ ಜಾಗ) ಅಂಟಿಸಿ.

ಈಗ ಎಲ್ಲರೂ ಎಡವೋ ಜಾಗ. ಆಪ್ಟಿಕಲ್ ಟ್ರ್ಯಾಕ್, ಅಂದ್ರೆ ಬೆಳಕು ಹಾಯಿಸಿ ಓದೋ ಸೌಂಡ್ ಪಟ್ಟಿ, ಇರೋದು ಚಿತ್ರಕ್ಕೂ ಅಂಚಿನ ತೂತುಗಳಿಗೂ ಮಧ್ಯೆ. ಅದನ್ನ ಓದೋ ಬೆಳಕಿನ ಗೆರೆ ತೂತಿನ ಕಡೆ ಜರುಗಿತು ಅಂದ್ರೆ ಸೆಕೆಂಡಿಗೆ 24 ಫ್ರೇಮ್, ಫ್ರೇಮಿಗೆ 4 ತೂತು, ಸರಿಯಾಗಿ 96 ಹರ್ಟ್ಜ್‌ನಲ್ಲಿ ಗುಂಯ್ ಅನ್ನುತ್ತೆ. ಚಿತ್ರದ ಕಡೆ ಜರುಗಿದ್ರೆ ಫ್ರೇಮ್ ಗೆರೆಗಳು 24 ಹರ್ಟ್ಜ್‌ನಲ್ಲಿ ಪಟಪಟ ಅನ್ನುತ್ತವೆ. ಆ 96 ಹರ್ಟ್ಜ್ ಸದ್ದನ್ನ ಕರೆಂಟ್ ಹಮ್ (ಕರೆಂಟಿನಿಂದ ಬರೋ ಗುಂಯ್) ಅಂದ್ಕೊಂಡು ಸಾಫ್ಟ್‌ವೇರ್‌ನಲ್ಲಿ ಫಿಲ್ಟರ್ ಹಾಕಿ ಕತ್ತರಿಸ್ತಾರೆ, ಗಂಡಸರ ದನಿಯ ಬುಡ ಇರೋದೂ ಅದೇ 100 ಹರ್ಟ್ಜ್ ಆಸುಪಾಸಲ್ಲಿ, ಅದೂ ಜೊತೆಗೆ ಹೋಗಿ ಮಾತು ಟೊಳ್ಳಾಗುತ್ತೆ. ಫಿಲ್ಟರ್ ಬೇಡ, ಬೆಳಕಿನ ಗೆರೆ ಟ್ರ್ಯಾಕ್ ಮೇಲೇ ಬೀಳೋ ಹಾಗೆ ಫಿಲ್ಮ್ ಹಿಡಿಯೋ ಗೈಡ್ ಸರಿಸಿ. ಹಳೇ ಫಿಲ್ಮ್ ಕುಗ್ಗಿರುತ್ತೆ, ಎಲ್ಲ ಕಡೆ ಒಂದೇ ಸಮ ಕುಗ್ಗಿರಲ್ಲ, ಅದಕ್ಕೇ ರೀಲಿನ ಶುರು, ನಡು, ಕೊನೆ, ಪ್ರತಿ ಸ್ಪ್ಲೈಸ್ ಆದ್ಮೇಲೂ ಹೆಡ್‌ಫೋನ್ ಹಾಕಿ ಕೇಳಲೇಬೇಕು.

ಇನ್ನೊಂದು. ವೇರಿಯಬಲ್ ಏರಿಯಾ (ಸೌಂಡಿಗೆ ತಕ್ಕ ಹಾಗೆ ಅಗಲ ಬದಲಾಗೋ ಟ್ರ್ಯಾಕ್) ನೆಗೆಟಿವ್‌ನಿಂದ ನೇರ ಎತ್ತಿದ್ರೆ ‘ಸ’, ‘ಶ’ ಎಲ್ಲ ಉಗುಳಿದ ಹಾಗೆ ಕೇಳುತ್ತೆ. ಅದು ಡ್ಯಾಮೇಜ್ ಅಲ್ಲ. ನೆಗೆಟಿವ್‌ನಲ್ಲಿ ಅಂಚು ಹರಡಿಕೊಂಡಿದ್ದು ಪ್ರಿಂಟ್ ಹಾಕಿದಾಗ ಸರಿಹೋಗ್ಲಿ ಅಂತಲೇ ಲ್ಯಾಬ್‌ನವರು ಲೆಕ್ಕ ಹಾಕಿರ್ತಿದ್ರು. ‘ಸ’ಕಾರ ತಗ್ಗಿಸೋ ಡಿ-ಎಸ್ಸರ್ ಹಾಕಿ ಒದ್ದಾಡೋ ಬದಲು ಒಳ್ಳೇ ಪ್ರಿಂಟ್ ಹುಡುಕಿ.

ಫೈಲ್ 96 ಕಿಲೋಹರ್ಟ್ಜ್, 24 ಬಿಟ್ ವೇವ್. ಎಂಪಿ3 ಬೇಡವೇ ಬೇಡ. ಆ ಮೂಲ ಫೈಲನ್ನ ಹಾಗೇ ಇಟ್ಟು ಕಾಪಿ ಮೇಲೆ ಕೆಲಸ ಮಾಡಿ.

ಸಾಫ್ಟ್‌ವೇರ್‌ನಲ್ಲಿ ಮೊದಲು ತೆಗೆಯೋದು ಕ್ಲಿಕ್, ಆಮೇಲೆ ನಿಜವಾದ ಕರೆಂಟ್ ಹಮ್, ಹಿಸ್ (ಹಿನ್ನೆಲೆಯ ಸ್ಸ್ ಸದ್ದು) ಕೊನೇದು. ಹಿಸ್‌ಗೆ ಕೈ ಹಾಕೋ ಮುಂಚೆ ಇದು ಗೊತ್ತಿರಲಿ: 1938ರಲ್ಲಿ ಬಂದ ಅಕಾಡೆಮಿ ಕರ್ವ್ ಪ್ರಕಾರ ಥಿಯೇಟರ್‌ಗಳೇ ಮೇಲಿನ ಫ್ರೀಕ್ವೆನ್ಸಿ ಇಳಿಸ್ತಿದ್ವು, ಈಗ ನಮಗೆ ಕೇಳೋ ಅಷ್ಟೊಂದು ಹಿಸ್ ಆಗಿನವರಿಗೆ ಕೇಳ್ತಾನೇ ಇರ್ಲಿಲ್ಲ. ಆ ಕರ್ವ್ ಹಾಕಿ ನೋಡಿ, ಆಮೇಲೂ ಉಳಿದಿದ್ದನ್ನ ಸ್ವಲ್ಪ ಸ್ವಲ್ಪವೇ ತೆಗೀರಿ. ತೆಗೆದು ಹಾಕಿದ್ದನ್ನ ಮಾತ್ರ ಬೇರೆಯಾಗಿ ಪ್ಲೇ ಮಾಡಿ, ಅದರಲ್ಲಿ ಮಾತು ಕೇಳಿಸಿದ್ರೆ ಜಾಸ್ತಿ ಆಯ್ತು ಅಂತ ಅರ್ಥ, ವಾಪಸ್ ಬನ್ನಿ. ಒಂದೇ ಬಟನ್‌ನಲ್ಲಿ ಎಲ್ಲ ಸರಿ ಮಾಡ್ತೀವಿ ಅನ್ನೋ ಎಐ ಟೂಲ್‌ಗಳನ್ನ ಆರ್ಕೈವ್ ಕೆಲಸಕ್ಕೆ ಬಳಸ್ಬೇಡಿ, ಅವು ಇಲ್ಲದ ಸದ್ದನ್ನೂ ಹುಟ್ಟಿಸ್ತವೆ.

ಕೊನೆಗೆ ಸಿಂಕ್. 35 ಎಂಎಂ ಪ್ರಿಂಟ್‌ನಲ್ಲಿ ಸೌಂಡ್ ಚಿತ್ರಕ್ಕಿಂತ ಸುಮಾರು 20 ಫ್ರೇಮ್ ಮುಂದಿರುತ್ತೆ, ತುಟಿ ನೋಡ್ಕೊಂಡು ಕೂರಿಸಿ.