ಅಟ್ಟದಲ್ಲಿ ಸಿಕ್ಕ ಗ್ರಾಮಫೋನ್ ತಟ್ಟೆಯನ್ನು ನುಡಿಸುವ ಮುನ್ನ

ಕೊಡಗಿನ ಕಕ್ಕಡ ಮಾಸದ ಮಳೆ ಕಳೆದು ಐನ್‌ಮನೆಯ, ಎಂದರೆ ಕುಲದ ಹಿರಿಮನೆಯ, ಅಟ್ಟ ಗುಡಿಸುವಾಗ ಹಳೆಯ ಗ್ರಾಮಫೋನ್ ತಟ್ಟೆಗಳು ಸಿಕ್ಕರೆ, ಅವುಗಳಿಗೆ ಹಿಡಿದ ಬೂಷ್ಟನ್ನು ಸ್ಪಿರಿಟ್ ಹಚ್ಚಿ ಒರೆಸಲು ಹೋಗಬಾರದು. ನಿಮಿಷಕ್ಕೆ 78 ಸುತ್ತು ತಿರುಗುವ ತಟ್ಟೆಗಳು ಬಹುಪಾಲು ಅರಗಿನವು. ಅರಗು ಸ್ಪಿರಿಟ್‌ನಲ್ಲಿ ಕರಗುತ್ತದೆ.

ಈ ತಟ್ಟೆಯನ್ನು ರೂಪಿಸಿದ ಎಮಿಲ್ ಬರ್ಲಿನರ್ 1851ರಲ್ಲಿ ಜರ್ಮನಿಯ ಹ್ಯಾನೋವರ್‌ನಲ್ಲಿ ಹುಟ್ಟಿ, 1870ರಲ್ಲಿ ಅಮೆರಿಕಕ್ಕೆ ವಲಸೆ ಹೋದವನು. ಮೊದಲು ವಾಷಿಂಗ್ಟನ್ನಿನ ಬಟ್ಟೆಯಂಗಡಿಯಲ್ಲಿ ದುಡಿದು, ಮುಂದೆ ನ್ಯೂಯಾರ್ಕಿನಲ್ಲಿ ರಾತ್ರಿ ತರಗತಿಗಳಲ್ಲಿ ವಿಜ್ಞಾನ ಕಲಿತ ಈತ, 1877ರಲ್ಲಿ ದೂರವಾಣಿಯ ಧ್ವನಿಪ್ರೇಷಕವನ್ನೂ 1887ರಲ್ಲಿ ಗ್ರಾಮಫೋನನ್ನೂ ಪೇಟೆಂಟಿಗೆ ಒಪ್ಪಿಸಿದನು. ಎಡಿಸನ್ನನ ಫೋನೋಗ್ರಾಫ್ ಯಂತ್ರದ ಉರುಳೆಯಲ್ಲಿ ಮುಳ್ಳು ಮೇಲೆ ಕೆಳಗೆ ಆಡುತ್ತಿದ್ದರೆ, ಬರ್ಲಿನರನ ಚಪ್ಪಟೆ ತಟ್ಟೆಯಲ್ಲಿ ಅದು ಎಡಕ್ಕೂ ಬಲಕ್ಕೂ ಆಡುತ್ತದೆ. ಸತುವಿನ ಫಲಕದ ಮೇಲೆ ಮೂಲ ಗೀರನ್ನು ಆಮ್ಲದಿಂದ ಕೊರೆದು, ಅದರಿಂದ ಅಚ್ಚು ತೆಗೆದು, ಒಂದೇ ಹಾಡನ್ನು ಎಷ್ಟು ಪ್ರತಿ ಬೇಕೋ ಅಷ್ಟು ಒತ್ತಬಹುದಾಗಿದ್ದರಿಂದಲೇ ಸಂಗೀತವು ಮಾರಾಟದ ಸರಕಾಯಿತು. ನನ್ನ ದೃಷ್ಟಿಯಲ್ಲಿ ಯಂತ್ರಕ್ಕಿಂತ ಈ ಅಚ್ಚೇ ಅವನ ದೊಡ್ಡ ಸಾಧನೆ.

ಧ್ವನಿಯೆಲ್ಲ ಗೀರಿನ ಎರಡು ಪಕ್ಕೆಗಳಲ್ಲಿ ಇರುವುದರಿಂದ, ಮೆತ್ತನೆಯ ಬ್ರಷ್ಷನ್ನು ಗೀರು ಸುತ್ತುವ ದಿಕ್ಕಿನಲ್ಲೇ ಆಡಿಸಬೇಕು, ಅಡ್ಡಡ್ಡ ಉಜ್ಜಬಾರದು. ಬೂಷ್ಟು ಬಿಡದಿದ್ದರೆ ಭಟ್ಟಿ ಇಳಿಸಿದ ನೀರಿನಲ್ಲಿ ಅದ್ದಿ ಚೆನ್ನಾಗಿ ಹಿಂಡಿದ ಬಟ್ಟೆಯಿಂದ, ನಡುವಿನ ಕಾಗದದ ಪಟ್ಟಿ ಒದ್ದೆಯಾಗದಂತೆ ಒರೆಸಿ ನೆರಳಿನಲ್ಲಿ ಒಣಗಿಸಬೇಕು. ತೇವ ಹೀರಿದ ಹಳೆಯ ಕಾಗದದ ಚೀಲದಲ್ಲೇ ತಟ್ಟೆಯನ್ನು ಮತ್ತೆ ಇರಿಸಿದರೆ ಮುಂದಿನ ಮಳೆಗಾಲಕ್ಕೆ ಅದೇ ಬೂಷ್ಟು ಮರಳುತ್ತದೆ. ತಟ್ಟೆಗಳನ್ನು ನೆಟ್ಟಗೆ ನಿಲ್ಲಿಸಿ, ಒಲೆಯ ಮೇಲಿನ ಅಟ್ಟದಿಂದ ದೂರವಿಡಿ. ಬಿಸಿಗೆ ಅರಗು ಬಾಗುತ್ತದೆ. ಪಾಂಡವರ ಅರಗಿನ ಮನೆಯ ಕಥೆ ಕೇಳಿ ಬೆಳೆದವರಿಗೆ ಬೆಂಕಿಯ ಅಪಾಯವನ್ನು ಬೇರೆ ಹೇಳಬೇಕಿಲ್ಲ.

ಒಂದು ಮುಖದಲ್ಲಿ ಮಾತ್ರ ಗೀರಿರುವ ತಟ್ಟೆ ಸಿಕ್ಕರೆ ನುಡಿಸದೆ ಎತ್ತಿಡುವುದು ಲೇಸು, ಏಕೆಂದರೆ ಅದು 20ನೆಯ ಶತಮಾನದ ಮೊದಲ ದಶಕದ್ದಾಗಿರುವ ಸಾಧ್ಯತೆ ಹೆಚ್ಚು. ಬರ್ಲಿನರನ ಬಳಿ ಪಳಗಿದ ಫ್ರೆಡ್ ಗೈಸ್‌ಬರ್ಗ್ 1902ರಲ್ಲಿ ಲಂಡನ್ನಿನ ಗ್ರಾಮಫೋನ್ ಕಂಪನಿಯ ಪರವಾಗಿ ಕಲ್ಕತ್ತೆಗೆ ಬಂದು ಗಾಯಕಿ ಗೌಹರ್ ಜಾನ್ ಅವರ ಹಾಡುಗಳನ್ನು ಮುದ್ರಿಸಿದ ಕಾಲವದು.

ಮಿಕ್ಕವನ್ನು ನುಡಿಸುವಾಗ ಒಂದೊಂದು ಮುಖಕ್ಕೂ ಹೊಸ ಉಕ್ಕಿನ ಮುಳ್ಳು ಹಾಕಬೇಕು. ಅರಗಿಗೆ ಬೆರೆಸಿದ ಕಲ್ಲಿನ ಪುಡಿ ಮುಳ್ಳಿನ ತುದಿಯನ್ನು ಸವೆಸುತ್ತದೆ. ಸವೆದ ಮುಳ್ಳನ್ನೇ ಮತ್ತೆ ಬಳಸಿದರೆ ಅದು ಉಳಿಯಂತೆ ಗೀರನ್ನು ಕೆತ್ತುತ್ತದೆ. ಮೂರು ನಿಮಿಷದ ಹಾಡಿಗೆ ಒಂದು ಮುಳ್ಳು ದುಬಾರಿ ಎನಿಸಬಹುದು, ಆದರೆ ಇಲ್ಲಿ ಜಿಪುಣತನ ನಡೆಯದು. ಕೀ ಕೊಡುವಾಗ ಬಿಗಿ ಎನಿಸಿದೊಡನೆ ನಿಲ್ಲಿಸಿ. ವಿನೈಲ್ ಎಂಬ ಪ್ಲಾಸ್ಟಿಕ್ಕಿನ ಎಲ್‌ಪಿ (ಲಾಂಗ್ ಪ್ಲೇ) ತಟ್ಟೆಗಳನ್ನು ಈ ಯಂತ್ರದ ಮೇಲೆ ಎಂದಿಗೂ ಇಡಬೇಡಿ, ಭಾರವಾದ ತೋಳು ಒಂದೇ ಸುತ್ತಿಗೆ ಅವನ್ನು ಕೆಡಿಸುತ್ತದೆ. ಮೊದಲ ಪ್ರಯೋಗಕ್ಕೆ, ಮನೆಯವರಾರೂ ನೆನಪಿಸಿಕೊಳ್ಳದ, ಈಗಾಗಲೇ ಅಂಚು ಮುರಿದಿರುವ ತಟ್ಟೆಯೊಂದನ್ನು ಆರಿಸಿಕೊಳ್ಳಿ.