ಮದುವೆ ದಿನ ನಿಮ್ಮ ಪಕ್ಕದಲ್ಲಿ ಯಾರು ನಿಲ್ಲಬೇಕು?

ಮದುವೆ ನಿಶ್ಚಯವಾದ ವಾರದಲ್ಲೇ ಈ ಪ್ರಶ್ನೆ ಶುರುವಾಗುತ್ತದೆ. "ನಿನ್ನ ಜೊತೆ ಯಾರ್ಯಾರು ನಿಲ್ತಾರೆ?" ಬ್ರೈಡ್ಸ್‌ಮೇಡ್, ಗ್ರೂಮ್ಸ್‌ಮನ್, ಬೆಸ್ಟ್ ಮ್ಯಾನ್ ಎಂದೆಲ್ಲ ಕರೆಯುವ ಈ ಬಳಗವನ್ನು ಇಲ್ಲಿ ಸುಲಭಕ್ಕೆ 'ಜೊತೆಗಾರರು' ಅನ್ನೋಣ. ನಾಲ್ಕೈದು ಹೆಸರು ಬರೆದರೆ ಮುಗಿಯಿತು ಅನಿಸುತ್ತದೆ. ಪೆನ್ನು ಹಿಡಿದು ಕೂತಾಗ ಹನ್ನೊಂದು ಹೆಸರು ಬರುತ್ತವೆ. ಅದರಲ್ಲಿ ಅರ್ಧ ಮನೆಯವರು, ಅರ್ಧ ಗೆಳೆಯರು. ಯಾರನ್ನು ಬಿಟ್ಟರೂ ಒಂದು ಮುಖ ಕಣ್ಣ ಮುಂದೆ ಬರುತ್ತದೆ.

ನಾನೂ ಈ ಪಟ್ಟಿ ಮಾಡಿದ್ದೇನೆ, ಒಂದು ಕಡೆ ದೊಡ್ಡ ತಪ್ಪನ್ನೂ ಮಾಡಿದ್ದೇನೆ. ಅದನ್ನು ಕೊನೆಯಲ್ಲಿ ಹೇಳುತ್ತೇನೆ. ಮೊದಲು ಪಟ್ಟಿ ಮಾಡುವ ಕ್ರಮ ನೋಡೋಣ.

ಹೆಸರಿಗಿಂತ ಮೊದಲು ಕೆಲಸ ಬರೆಯಿರಿ

ಒಂದು ಹಾಳೆ ತಗೊಳ್ಳಿ. ಆ ದಿನ ನಿಮಗೆ ಯಾವ ಯಾವ ಸಹಾಯ ಬೇಕು ಅಂತ ಬರೆಯಿರಿ. ಬೆಳಗ್ಗೆ ತಯಾರಾಗುವಾಗ ಪಕ್ಕದಲ್ಲಿರುವವರು. ಉಂಗುರ ಇಟ್ಟುಕೊಳ್ಳುವವರು. ನಿಮ್ಮ ಫೋನ್ ಹಿಡಿದು ಬರುವ ಕರೆಗಳಿಗೆ ಉತ್ತರ ಕೊಡುವವರು. ಅತಿಥಿಗಳ ಮುಂದೆ ನಿಮ್ಮ ಬಗ್ಗೆ ನಾಲ್ಕು ಮಾತಾಡುವವರು. ಸೇಫ್ಟಿ ಪಿನ್, ತಲೆನೋವಿನ ಮಾತ್ರೆ, ಕರವಸ್ತ್ರ ಇರುವ ಚೀಲ ಹೊತ್ತು ಓಡಾಡುವವರು. ಸಾಕ್ಷಿ ಸಹಿ ಹಾಕುವವರು.

ಸಾಕ್ಷಿ ಸಹಿಯನ್ನು ಬಹಳ ಜನ ಮರೆತೇಬಿಡುತ್ತಾರೆ. ಇಂಗ್ಲೆಂಡ್ ಮತ್ತು ವೇಲ್ಸ್‌ನಲ್ಲಿ ಮದುವೆಗೆ ಕನಿಷ್ಠ ಇಬ್ಬರು ಸಾಕ್ಷಿಗಳು ಬೇಕು. ಭಾರತದಲ್ಲಿ 1954ರ ವಿಶೇಷ ವಿವಾಹ ಕಾಯ್ದೆಯಡಿ ಮದುವೆಯಾದರೆ ಮೂವರು ಬೇಕು. ಆ ಹೆಸರುಗಳು ದಾಖಲೆಯಲ್ಲಿ ಕೊನೆಯವರೆಗೂ ಇರುತ್ತವೆ. ಪಕ್ಕದಲ್ಲಿ ನಿಲ್ಲಿಸಲು ಆಗದ, ಆದರೆ ಮನಸ್ಸಿಗೆ ತುಂಬಾ ಹತ್ತಿರವಾದ ಒಬ್ಬರಿಗೆ ಈ ಜಾಗ ಕೊಡಬಹುದು. ಇದು ಸಮಾಧಾನಕ್ಕೆ ಕೊಡುವ ಚಿಲ್ಲರೆ ಕೆಲಸ ಅಲ್ಲವೇ ಅಲ್ಲ.

ಎಷ್ಟು ಜನ?

ಸಂಖ್ಯೆಯನ್ನು ಹುಡುಗ ಹುಡುಗಿ ಇಬ್ಬರೂ ಕೂತು ಮೊದಲೇ ತೀರ್ಮಾನಿಸಿ. ಹೆಸರು ಬರೆದ ಮೇಲೆ ಸಂಖ್ಯೆ ನಿರ್ಧರಿಸಲು ಹೋದರೆ ಅದು ಬೆಳೆಯುತ್ತಲೇ ಹೋಗುತ್ತದೆ.

ಜನ ಹೆಚ್ಚಾದಷ್ಟೂ ಅವರವರ ನಡುವಿನ ಹೊಂದಾಣಿಕೆಯೂ ನಿಮ್ಮ ತಲೆಗೇ ಬರುತ್ತದೆ. ನಾಲ್ಕು ಜನರಿದ್ದರೆ ಅವರ ನಡುವೆ ಆರು ಜೋಡಿ ಸಂಬಂಧಗಳು. ಎಂಟು ಜನರಾದರೆ 28. ನಿಮ್ಮ ಕಾಲೇಜಿನ ಗೆಳತಿಗೂ ನಾದಿನಿಗೂ ಬಣ್ಣದ ವಿಷಯಕ್ಕೆ ಮಾತು ಬಂದರೆ ಮಧ್ಯದಲ್ಲಿ ನಿಲ್ಲುವವರು ನೀವೇ ಅಲ್ವಾ? 1840ರಲ್ಲಿ ಬ್ರಿಟನ್ನಿನ ರಾಣಿ ವಿಕ್ಟೋರಿಯಾ ಮದುವೆಯಲ್ಲಿ ಅವರ ಉಡುಪಿನ ಹಿಂದಿನ ಅಂಚು ಹಿಡಿಯಲು 12 ಯುವತಿಯರಿದ್ದರು. ಅಷ್ಟು ಜನಕ್ಕೆ ಆ ಬಟ್ಟೆಯ ಉದ್ದ ಸಾಲದೆ, ಒಬ್ಬರ ಕಾಲು ಒಬ್ಬರಿಗೆ ತಾಕುತ್ತಾ ನಡೆಯಬೇಕಾಯಿತು.

ಎರಡೂ ಕಡೆ ಸಮ ಸಂಖ್ಯೆ ಇರಲೇಬೇಕು ಅಂತೇನೂ ಇಲ್ಲ. ಅವನ ಕಡೆ ಇಬ್ಬರು, ಇವಳ ಕಡೆ ನಾಲ್ವರು ಇದ್ದರೂ ಫೋಟೊ ಚೆನ್ನಾಗಿಯೇ ಬರುತ್ತದೆ. ಸಂಖ್ಯೆ ಸರಿಹೊಂದಿಸಲು ಅಷ್ಟೇನೂ ಆಪ್ತರಲ್ಲದ ಇಬ್ಬರನ್ನು ಸೇರಿಸುವುದು ಮಾತ್ರ ಬೇಡ. ಹಾಗೆಯೇ ಹುಡುಗಿಯ ಪಕ್ಕ ಅಣ್ಣ, ಹುಡುಗನ ಪಕ್ಕ ಅಕ್ಕ ನಿಂತರೂ ತಪ್ಪಿಲ್ಲ.

ಈಗ ಹೆಸರು

ಇಬ್ಬರೂ ಬೇರೆ ಬೇರೆ ಕೂತು ಬರೆಯಿರಿ. ಸಂಗಾತಿಯ ಪಟ್ಟಿ ನೋಡಿಕೊಂಡು ನಿಮ್ಮದನ್ನು ಬರೆಯಬೇಡಿ. ಪ್ರತಿ ಹೆಸರಿನ ಮುಂದೆಯೂ ಈ ಪ್ರಶ್ನೆ ಕೇಳಿಕೊಳ್ಳಿ: ಕಳೆದ ಒಂದು ವರ್ಷದಲ್ಲಿ ಕಷ್ಟ ಬಂದಾಗ ನಾನು ಇವರಿಗೆ ಫೋನ್ ಮಾಡಿದೆನಾ? ಆ ದಿನ ಬೆಳಗ್ಗೆ ನನಗೆ ಅಳು ಬಂದರೆ ಇವರ ಮುಂದೆ ಅಳಬಲ್ಲೆನಾ? ನನ್ನ ಸಂಗಾತಿಯ ಬಗ್ಗೆ ಇವರಿಗೆ ನಿಜವಾಗಲೂ ಸಂತೋಷ ಇದೆಯಾ?

ಮೂರನೆಯದು ಬಹಳ ಮುಖ್ಯ. ನಿಮ್ಮನ್ನು ಎಷ್ಟೇ ಪ್ರೀತಿಸಿದರೂ ಈ ಮದುವೆಯೇ ಇಷ್ಟವಿಲ್ಲದವರನ್ನು ಪಕ್ಕದಲ್ಲಿ ನಿಲ್ಲಿಸಿದರೆ ಅವರಿಗೂ ಹಿಂಸೆ, ನಿಮಗೂ ಹಿಂಸೆ.

ಮನುಷ್ಯರ ಒಡನಾಟವನ್ನು ಅಧ್ಯಯನ ಮಾಡಿದ ಬ್ರಿಟನ್ನಿನ ರಾಬಿನ್ ಡನ್‌ಬಾರ್, ಒಬ್ಬರ ತೀರಾ ಒಳಗಿನ ವಲಯದಲ್ಲಿ ಸುಮಾರು 5 ಜನ, ಅದರಾಚೆಯ ವಲಯ ಸೇರಿದರೆ ಸುಮಾರು 15 ಜನ ಇರುತ್ತಾರೆ ಎನ್ನುತ್ತಾರೆ. ನಿಮ್ಮ ಪಟ್ಟಿ ಹದಿನೈದಕ್ಕೆ ಹೋಗಿದ್ದರೆ ಗಾಬರಿ ಬೇಡ. ನೀವು ಎರಡೂ ವಲಯಗಳನ್ನು ಒಟ್ಟಿಗೆ ಬರೆದಿದ್ದೀರಿ, ಅಷ್ಟೇ.

ಪಟ್ಟಿಯಲ್ಲಿ ಒಂದು ಹೆಸರು ಬರೀ ಋಣ ತೀರಿಸಲು ಬಂದಿರುತ್ತದೆ. "ಅವಳ ಮದುವೆಯಲ್ಲಿ ನಾನು ನಿಂತಿದ್ದೆ, ಈಗ ಅವಳನ್ನು ಕರೆಯದಿದ್ದರೆ ಹೇಗೆ?" ಆರು ವರ್ಷದ ಹಿಂದೆ ನೀವಿಬ್ಬರೂ ಆಪ್ತರಾಗಿದ್ದಿರಿ, ಅವಳು ಕರೆದಳು. ಈಗ ವರ್ಷಕ್ಕೊಮ್ಮೆ ಹುಟ್ಟುಹಬ್ಬದ ಮೆಸೇಜ್ ಬಿಟ್ಟರೆ ಮಾತಿಲ್ಲ ಅಂದರೆ, ಅವಳೂ ಕಾಯುತ್ತಾ ಕೂತಿರುವುದಿಲ್ಲ. ಪ್ರೀತಿಯಿಂದ ಮದುವೆಗೆ ಕರೆಯಿರಿ, ಸಾಕು.

ಮನೆಯವರ ಮಾತು

ಒಡಹುಟ್ಟಿದವರು ಮೊದಲು, ಆಮೇಲೆ ಗೆಳೆಯರು. ಇದು ನನ್ನ ಅಭಿಪ್ರಾಯ. ಗೆಳೆಯರಿಗೆ ಇದು ಅರ್ಥವಾಗುತ್ತದೆ. ತಂಗಿಯನ್ನು ಬಿಟ್ಟು ಗೆಳತಿಯನ್ನು ನಿಲ್ಲಿಸಿದರೆ ಮುಂದಿನ ಹತ್ತು ವರ್ಷ ಮನೆಯಲ್ಲಿ ಆ ಮಾತು ಬರುತ್ತಲೇ ಇರುತ್ತದೆ. ಒಡಹುಟ್ಟಿದವರ ಜೊತೆ ನಿಜಕ್ಕೂ ಮನಸ್ತಾಪ ಇದ್ದರೆ ಅದು ಬೇರೆ. ಅಲ್ಲಿ ಬಲವಂತ ಬೇಡ.

ಸಂಗಾತಿಯ ಅಕ್ಕತಂಗಿ, ಅಣ್ಣತಮ್ಮಂದಿರನ್ನು ನಿಮ್ಮ ಕಡೆಯೇ ನಿಲ್ಲಿಸಬೇಕೆಂದಿಲ್ಲ. ಅವರು ತಮ್ಮವರ ಪಕ್ಕ ನಿಂತರೆ ಅವರಿಗೇ ಹೆಚ್ಚು ಖುಷಿ.

ಕಷ್ಟವಾಗುವುದು ಅಪ್ಪ ಅಮ್ಮ ಒಂದು ಹೆಸರು ಹೇಳಿದಾಗ. "ದೊಡ್ಡಪ್ಪನ ಮಗಳನ್ನ ಕರೀಲೇಬೇಕು, ಇಲ್ಲಾಂದ್ರೆ ಅವರೇನು ಅಂದ್ಕೋತಾರೆ?" ತಕ್ಷಣ ಆಗಲ್ಲ ಅನ್ನಬೇಡಿ. ಯಾಕೆ ಅಂತ ಕೇಳಿ. ಅನೇಕ ಸಲ ಅಮ್ಮನಿಗೆ ಬೇಕಾಗಿರುವುದು ಆ ಹುಡುಗಿ ನಿಮ್ಮ ಪಕ್ಕ ನಿಲ್ಲುವುದಲ್ಲ. ದೊಡ್ಡಪ್ಪನ ಮನೆಯವರಿಗೆ ಗೌರವ ಸಿಗಬೇಕು, ಅಷ್ಟೇ. ಅದನ್ನು ಬೇರೆ ಥರ ಕೊಡಬಹುದು. ದೊಡ್ಡಪ್ಪನಿಂದ ಎರಡು ಮಾತಾಡಿಸಬಹುದು, ಮೊದಲ ಸಾಲಿನಲ್ಲಿ ಅವರಿಗೆ ಜಾಗ ಇಡಬಹುದು. ಅಮ್ಮನಿಗೆ ಹೀಗೆ ಹೇಳಿ: "ಅಮ್ಮಾ, ಪಕ್ಕ ನಿಲ್ಲೋದು ನಾಲ್ಕೇ ಜನ. ಅವರಿಗೆ ಬೇಜಾರಾಗದ ಹಾಗೆ ನಾನೇ ಹೋಗಿ ಮಾತಾಡಿಸ್ತೀನಿ." ನಾನೇ ಹೋಗ್ತೀನಿ ಅನ್ನುವ ಮಾತಿಗೆ ಅಮ್ಮಂದಿರು ಕರಗುತ್ತಾರೆ. ಯಾಕೆಂದರೆ ಆ ಮನೆಯವರ ಮುಂದೆ ಉತ್ತರ ಕೊಡಬೇಕಾದವರು ಅವರು.

ಮುಖ್ಯ ಜೊತೆಗಾರರು ಒಬ್ಬರೇ ಆಗಬೇಕಾ?

ಆಗಬೇಕಿಲ್ಲ. ಇಬ್ಬರು ಹಂಚಿಕೊಳ್ಳಬಹುದು. ಯಾರಿಗೂ ಆ ಪಟ್ಟ ಕೊಡದೆಯೂ ಇರಬಹುದು. 2018ರಲ್ಲಿ ಬ್ರಿಟನ್ನಿನ ರಾಜಕುಮಾರ ಹ್ಯಾರಿಯನ್ನು ಮದುವೆಯಾದಾಗ ಮೇಗನ್ ಮಾರ್ಕಲ್ ಇದನ್ನೇ ಮಾಡಿದರು. ಗೆಳತಿಯರಲ್ಲಿ ಒಬ್ಬರನ್ನು ಇನ್ನೊಬ್ಬರಿಗಿಂತ ಮೇಲೆ ಇಡಲು ಅವರಿಗೆ ಇಷ್ಟವಿರಲಿಲ್ಲ ಅಂತ ಅರಮನೆಯೇ ತಿಳಿಸಿತ್ತು. ಅವರ ಜೊತೆ ನಡೆದವರು ಮಕ್ಕಳು ಮಾತ್ರ.

ಕೇಳುವ ರೀತಿ

ಪಟ್ಟಿ ಆದ ಮೇಲೆ ಎರಡು ವಾರ ಹಾಗೇ ಬಿಡಿ. ಆಮೇಲೂ ಅದೇ ಹೆಸರುಗಳು ಸರಿ ಅನಿಸಿದರೆ ಕೇಳಿ. ಒಬ್ಬೊಬ್ಬರನ್ನೇ, ಖಾಸಗಿಯಾಗಿ. ಹತ್ತು ಜನರ ಮುಂದೆ ಕೇಳಿದರೆ ಅವರಿಗೆ ಇಲ್ಲ ಅನ್ನಲು ದಾರಿಯೇ ಇರುವುದಿಲ್ಲ.

ದಿನಾಂಕ, ಎಷ್ಟು ದಿನ ಬೇಕಾಗುತ್ತದೆ, ಬಟ್ಟೆಗೂ ಪ್ರಯಾಣಕ್ಕೂ ಅವರ ಕೈಯಿಂದ ಎಷ್ಟು ಖರ್ಚಾಗಬಹುದು, ಎಲ್ಲವನ್ನೂ ಅಲ್ಲೇ ಹೇಳಿಬಿಡಿ. ಹಣದ ವಿಷಯ ಹೇಳಲು ಸಂಕೋಚ ಆಗುತ್ತದೆ, ನಿಜ. ಆದರೆ ಖರ್ಚು ಮಾಡಲಾಗದೆ, ಬಾಯಿ ಬಿಟ್ಟು ಹೇಳಲೂ ಆಗದೆ ಒದ್ದಾಡುವ ಗೆಳೆಯನ ಸಂಕಟ ಅದಕ್ಕಿಂತ ದೊಡ್ಡದು. "ಯೋಚನೆ ಮಾಡಿ ಒಂದು ವಾರ ಬಿಟ್ಟು ಹೇಳು. ಆಗಲ್ಲ ಅಂದ್ರೂ ನಮ್ಮ ಮಧ್ಯೆ ಏನೂ ಬದಲಾಗಲ್ಲ" ಅನ್ನಿ. ಆಗಲ್ಲ ಅಂದರೆ ಆ ಮಾತು ಉಳಿಸಿಕೊಳ್ಳಿ.

ಯಾರಾದರೂ ನಡುವೆ ಬಿಟ್ಟರೆ ಆ ಜಾಗಕ್ಕೆ ಇನ್ನೊಬ್ಬರನ್ನು ಹುಡುಕಬೇಡಿ. ಜಾಗ ಖಾಲಿಯಾಯಿತು ಅಂತ ಕರೆದಿದ್ದು ಬಂದವರಿಗೆ ಗೊತ್ತಾಗಿಯೇ ಆಗುತ್ತದೆ.

ಆಯ್ಕೆಯಾಗದವರಿಗೆ ಹೇಳುವುದು

ಇದನ್ನೇ ನಾನು ಬಿಟ್ಟೆ. ನನ್ನ ಪಕ್ಕ ನಿಲ್ಲಲು ತಂಗಿಯನ್ನೂ ಇಬ್ಬರು ಗೆಳತಿಯರನ್ನೂ ಆರಿಸಿದ್ದೆ. ಚಿಕ್ಕಪ್ಪನ ಮಗಳು ನನಗಿಂತ ನಾಲ್ಕು ವರ್ಷ ಚಿಕ್ಕವಳು, ರಜೆಯಲ್ಲೆಲ್ಲ ನನ್ನ ಬೆನ್ನಿಗೇ ಅಂಟಿಕೊಂಡು ಬೆಳೆದವಳು. ಅವಳಿಗೆ ಹೇಳಬೇಕು, ಹೇಳಬೇಕು ಅಂದುಕೊಂಡೇ ದಿನ ದೂಡಿದೆ. ಒಂದು ಸಂಜೆ ಬಟ್ಟೆ ಅಳತೆಗೆ ಹೋಗಿದ್ದಾಗ ಮೂವರೂ ಒಂದೇ ಬಣ್ಣದ ಬಟ್ಟೆಯ ತುಂಡು ಹೆಗಲಿಗೆ ಹಾಕಿಕೊಂಡು ನಿಂತ ಫೋಟೊವನ್ನು ತಂಗಿ ಮನೆಯವರ ಗ್ರೂಪಿಗೆ ಹಾಕಿದಳು. ಐದು ನಿಮಿಷದಲ್ಲಿ ಇವಳ ಮೆಸೇಜ್ ಬಂತು. "ಬಣ್ಣ ಚೆನ್ನಾಗಿದೆ ಅಕ್ಕ." ಅಷ್ಟೇ. ಮದುವೆ ದಿನ ಬಂದಳು, ನಕ್ಕಳು, ಹಿಂದಿನ ಸಾಲಿನಲ್ಲಿ ಕೂತಳು.

ಎರಡು ವರ್ಷ ಆದ ಮೇಲೆ ನಾನೇ ಆ ಮಾತು ತೆಗೆದೆ. "ನನ್ನನ್ನ ಆರಿಸ್ಲಿಲ್ಲ ಅಂತ ಬೇಜಾರಿಲ್ಲ ಅಕ್ಕ. ಫೋಟೊ ನೋಡಿ ಗೊತ್ತಾಯ್ತಲ್ಲ, ಅದು" ಅಂದಳು.

ಹಾಗಾಗಿ ಕೇಳಿಕೊಳ್ಳುತ್ತೇನೆ, ಪಟ್ಟಿಯಿಂದ ಹೊರಗುಳಿದ ಆಪ್ತರಿಗೆ ನೀವೇ ಹೇಳಿ. ಜೊತೆಗಾರರು ಒಪ್ಪಿದ ವಾರದಲ್ಲೇ ಹೇಳಿ. ಅಲ್ಲಿಯವರೆಗೆ ಯಾವ ಫೋಟೊವೂ ಎಲ್ಲಿಗೂ ಹೋಗದಿರಲಿ. ಮೆಸೇಜ್ ಬೇಡ, ಫೋನ್ ಮಾಡಿ ಅಥವಾ ಮನೆಗೆ ಹೋಗಿ. ಉದ್ದ ಕಾರಣಗಳೂ ಬೇಡ. ಕಾರಣ ಹೇಳುತ್ತಾ ಹೋದರೆ ಕೇಳುವವರಿಗೆ ತಾನು ಎಲ್ಲಿ ಕಡಿಮೆಯಾದೆ ಅನ್ನುವ ಲೆಕ್ಕ ಶುರುವಾಗುತ್ತದೆ. "ಇಷ್ಟೇ ಜನ ಅಂತ ತೀರ್ಮಾನ ಮಾಡಿದ್ವಿ, ಅದರಲ್ಲಿ ನಿನ್ನ ಹೆಸರಿಲ್ಲ. ಬೇರೆಯವರಿಂದ ಗೊತ್ತಾಗೋದು ಬೇಡ ಅಂತ ನಾನೇ ಹೇಳ್ತಿದ್ದೀನಿ" ಅಂದರೆ ಸಾಕು. ಅವರು ಸುಮ್ಮನಾದರೆ ನೀವೂ ಸ್ವಲ್ಪ ಹೊತ್ತು ಸುಮ್ಮನಿರಿ. ಅದೇ ಉಸಿರಿನಲ್ಲಿ ಬೇರೆ ಕೆಲಸ ಒಪ್ಪಿಸಬೇಡಿ. ನಾಲ್ಕು ದಿನ ಬಿಟ್ಟು ಕೇಳಿ.

ಕಳೆದ ವರ್ಷ ಆ ಚಿಕ್ಕಪ್ಪನ ಮಗಳದೇ ಮದುವೆ ನಿಶ್ಚಯವಾಯಿತು. ರಾತ್ರಿ ಒಂಬತ್ತಕ್ಕೆ ಫೋನ್ ಮಾಡಿದಳು. "ಅಕ್ಕ, ಪಕ್ಕ ನಿಲ್ಲೋಕೆ ಮೂರೇ ಜನ. ನೀನಿಲ್ಲ. ಮೊದಲು ನಿಂಗೇ ಹೇಳ್ತಿದ್ದೀನಿ." ನಾನು ಸರಿ ಅಂದೆ. ಆಮೇಲೆ ಅರ್ಧ ಗಂಟೆ ಬಟ್ಟೆಯ ಬಣ್ಣದ ಬಗ್ಗೆ ಮಾತಾಡಿದೆವು.