ಚುನ್-ಲೀ ತೊಡಿಗೆ ಕಲ್ಲೆತ್ತೋರ ಬಲ: ನಾನು ಮಸಲ್ ಎಡಿಟ್ ಮಾಡೋದು ಹಿಂಗ

ಗಟ್ಟಿ ಮೈಕಟ್ಟಿನ ಹೆಣ್ಮಕ್ಕಳಂದ್ರ ನಂಗ ಭಾಳ ಸೇರ್ತದ, ಫೆಟಿಶ್ ಅಂತೀರಿ ಅಂದ್ರ ಅನ್ರಿ, ಮುಚ್ಚಿಡೂದೇನಿಲ್ಲ, ಅದಕ್ಕ ಗೇಮ್ ಕ್ಯಾರೆಕ್ಟರ್‌ಗಳ ಮಸಲ್ ಎಡಿಟ್, ಅಂದ್ರ ಚಿತ್ರ ತಿದ್ದಿ ಮಸಲ್ ಬೆಳಸೂದು, ಮಾಡ್ತೀನಿ. ಹೆಚ್ಚು ಮಾಡಿದ್ದು ಚುನ್-ಲೀದು. 1991ರ ಹೊಡೆದಾಟದ ಗೇಮ್ ಸ್ಟ್ರೀಟ್ ಫೈಟರ್ 2ದಾಗ ಬಂದಾಕಿ, ಒದಿಯೂದೇ ಆಕಿ ಆಟ, ಮೂಲದಾಗೇ ತೊಡಿ ದಪ್ಪ ಬರದಾರ, ಹಂಗಾಗಿ ಅಲ್ಲಿಂದ ಮುಂದಕ್ಕ ಬೆಳಸಿದ್ರ ಕ್ಯಾರೆಕ್ಟರ್ ಕೆಡಂಗಿಲ್ಲ. ಸಣ್ಣ ಮಕ್ಕಳ ಕ್ಯಾರೆಕ್ಟರ್ ಮಾತ್ರ ನಾನು ಮುಟ್ಟಂಗೇ ಇಲ್ಲ, ಯಾರು ಕೇಳಿದ್ರೂ ಇಲ್ಲ. ಚುನ್-ಲೀ ಹುಟ್ಟಿದ್ದು 1968 ಅಂತ ಗೇಮ್ ಮಾಡಿದ ಕ್ಯಾಪ್‌ಕಾಮ್ ಕಂಪನಿಯವ್ರೇ ಹೇಳ್ಯಾರ, ಅಂದ್ರ ಆಕಿ ದೊಡ್ಡಾಕಿ.

ಭಾಳ ಮಂದಿ ಲಿಕ್ವಿಫೈ (ಫೋಟೋಶಾಪಿನಾಗ ಚಿತ್ರ ಎಳದು ಉಬ್ಬಿಸೋ ಟೂಲ್) ಹಾಕಿ ತೋಳು ತೊಡಿ ಉಬ್ಬಿಸಿಬಿಡ್ತಾರ, ಅದು ಬಲೂನ್ ಆಗ್ತದ, ಬಲ ಕಾಣಂಗಿಲ್ಲ. ಬಲ ಎಲ್ಲಿಂದ ಬರ್ತದ ಅಂತ ನಾನು ಕಲ್ತಿದ್ದು ನಮ್ಮ ರಾಯಚೂರಿನ ಕಾರಹುಣ್ಣಿಮಿ ಮುಂಗಾರು ಹಬ್ಬದಾಗ. ಎತ್ತು ಕಲ್ಲು ಎಳಿಯೂದು ನೋಡಾಕ ಊರೆಲ್ಲ ಸೇರ್ತದ, ನಾನು ಕುಸ್ತಿಯವ್ರು, ಕಲ್ಲೆತ್ತೋರ ಹತ್ರ ನಿಂದರ್ತೀನಿ, ಗುಂಡು ಕಲ್ಲು ಮೊದ್ಲು ತೊಡಿ ಮ್ಯಾಲ ತಗೊಂಡು ಆಮ್ಯಾಲ ಎದಿಗೆ ಏರಿಸೋವಾಗ ಮೊಣಕಾಲಿನ ಮ್ಯಾಲ ಒಳಗಡೆ ಹನಿ ಆಕಾರದ ಒಂದು ಮಸಲ್ ಎದ್ದು ಬರ್ತದ, ಹಿಮ್ಮಡಿ ನೆಲಕ್ಕ ಊರ್ತದ, ನಡಾನೂ ದಪ್ಪ ಆಗ್ತದ. ನಡ ಸಣ್ಣ ಬಿಟ್ಟು ತೊಡಿ ಒಂದೇ ದೊಡ್ಡದು ಮಾಡಿದ್ರ ಆ ಮೈ ನಿಂದ್ರಾಕೇ ಆಗಂಗಿಲ್ಲ.

ಕೆಲಸ ಎಸ್‌ಪ್ರೈಟ್‌ನಾಗ (Aseprite, ಪಿಕ್ಸೆಲ್ ಚಿತ್ರ ಬರಿಯೋ ಸಾಫ್ಟ್‌ವೇರ್), ಇಂಡೆಕ್ಸ್ಡ್ ಮೋಡ್, ಅಂದ್ರ ಮೊದ್ಲೇ ಆರಿಸಿಟ್ಟ ಬಣ್ಣದಾಗೇ ಕೆಲಸ. ಆ ಗೇಮ್ ಓಡ್ತಿದ್ದ ಆರ್ಕೇಡ್ ಮಶೀನಿನ (ಕಾಸು ಹಾಕಿ ಆಡೋದು) ಬೋರ್ಡಿನಾಗ ಒಂದು ಪ್ಯಾಲೆಟ್, ಅಂದ್ರ ಬಣ್ಣದ ಪಟ್ಟಿ, 15 ಬಣ್ಣದ್ದು, 16ನೇದು ಪಾರದರ್ಶಕ. ನಾನೂ ಅಷ್ಟರಾಗೇ ಮಾಡ್ತೀನಿ, ಹೊಸ ಬಣ್ಣ ಸೇರಿಸಿದ್ರ ಮೂಲ ಚಿತ್ರದ ಜೋಡಿ ಹೊಂದಂಗಿಲ್ಲ. ಹೊರಗಿನ ಗೆರಿ ಎರಡು ಮೂರು ಪಿಕ್ಸೆಲ್ ಅಷ್ಟೇ ಸರಿಸ್ತೀನಿ, ಉಳಿದಿದ್ದೆಲ್ಲ ನೆರಳಿನ ಕೆಲಸ, ಕಾಲಿಗೆ ಹಾಕ್ಕೊಂಡ ಟೈಟ್ಸ್‌ನ ಗಾಢ ಬಣ್ಣ ಎಲ್ಲಿ ಸೀಳಬೇಕೋ ಅಲ್ಲಿ ಎಳದ್ರ ಮಸಲ್ ತಾನೇ ಬೇರೆ ಆಗಿ ಕಾಣ್ತದ.

ಇನ್ನೊಂದು, ಇದು ನಂಗ ಭಾಳ ಖುಷಿ ಕೊಡೋ ವಿಷಯ, ಆಕಿ ಕೈಯಾಗಿನ ಮುಳ್ಳಿನ ಬಳಿ ಅದಾವಲ್ಲ ಅವನ್ನ, ತಲಿ, ಮುಡಿನೂ ಇದ್ದಷ್ಟೇ ಬಿಡ್ಬೇಕು. ಬಳಿ ಅಷ್ಟೇ ಇದ್ದು ಮುಂಗೈ ದಪ್ಪ ಆದ್ರ ಬಿಗಿ ಹಿಡದಂಗ ಕಾಣ್ತದ, ನೋಡೋರಿಗೆ ಅಳತಿ ಸಿಕ್ಕಿಬಿಡ್ತದ.

ಅನಿಮೇಶನ್ ಮಾಡೂದಿದ್ರ ಒಂದು ಫ್ರೇಮಿಂದ ಇನ್ನೊಂದಕ್ಕ ತೊಡಿ ಗಾತ್ರ ಏರಿಳಿಬಾರ್ದು. ಅದಕ್ಕ ನಿಂತ ಫ್ರೇಮ್ ಮೊದ್ಲು ಮುಗಿಸಿ ಆನಿಯನ್ ಸ್ಕಿನ್ (ಹಿಂದಿನ ಫ್ರೇಮ್ ಮಬ್ಬಾಗಿ ಕಾಣೋದು) ಹಾಕಿ ಒದೆತದ ಫ್ರೇಮ್ ತಿದ್ದತೀನಿ, ಊರಿದ ಪಾದ ಅಲ್ಲೇ ಇರ್ಬೇಕು, ಇಲ್ಲಾಂದ್ರ ಜಾರಿದಂಗ ಕಾಣ್ತದ. ಚಿತ್ರ ದೊಡ್ಡದು ಮಾಡೋವಾಗ ನಿಯರೆಸ್ಟ್ ನೇಬರ್ ಆಯ್ಕೆ (ಪಿಕ್ಸೆಲ್ ಮಸುಕಾಗಂಗಿಲ್ಲ), ಸೇವ್ ಪಿಎನ್‌ಜಿ, ಜೆಪೆಗ್ ಬ್ಯಾಡ್ರಿ, ಗೆರಿ ಎಲ್ಲ ಕಲಸಿಬಿಡ್ತದ.